ಹನ್ನೊಂದು ನಿಮಿಷ ಕ್ಯಾಮೆರಾ ಮುಟ್ಟದೆ ಇರಲು ಕಟ್ಟಿದ ಪೆಟ್ಟಿಗೆ

ಎರಡು ತಿಂಗಳಿಂದ ಕಟ್ಟುತ್ತಿದ್ದ ಕ್ಯಾಮೆರಾ ಪೆಟ್ಟಿಗೆ ಕೊನೆಗೂ ಕೆಲಸ ಮಾಡಿತು. ಮರೆಯುವ ಮೊದಲು ಬರೆದಿಡುತ್ತಿದ್ದೇನೆ. ಇದೇ ತರಹ ಊರಿನ ಬೀದಿಯನ್ನು ಉದ್ದ ಶಾಟ್‌ಗಳಲ್ಲಿ ಹಿಡಿಯಬೇಕು ಅನ್ನುವವರಿಗೆ ನನ್ನ ತಪ್ಪುಗಳಾದರೂ ಉಪಯೋಗಕ್ಕೆ ಬರಲಿ.

ನಾನು ಮಾಡುತ್ತಿರುವುದು ಕತೆ ಇಲ್ಲದ, ನಟರಿಲ್ಲದ ಒಂದು ಸಿನಿಮಾ. ಬೆಂಗಳೂರಿನ ಕೆ.ಆರ್. ಮಾರ್ಕೆಟ್ ಸುತ್ತಮುತ್ತ ಹನ್ನೆರಡು ಶಾಟ್. ಒಂದೊಂದೂ 11 ನಿಮಿಷ. ನಡುವೆ ಕಟ್ ಇಲ್ಲ, ಕ್ಯಾಮೆರಾ ತಿರುಗುವುದಿಲ್ಲ, ಝೂಮ್ ಇಲ್ಲ.

11 ನಿಮಿಷ ಯಾಕೆ ಅಂದರೆ, 16 ಎಂಎಂ ಫಿಲ್ಮಿನ 400 ಅಡಿ ರೋಲ್ ಅಷ್ಟು ಹೊತ್ತು ಓಡುತ್ತದೆ. ಒಂದು ಅಡಿಗೆ 40 ಫ್ರೇಮ್, ಅಂದರೆ 40 ಚಿತ್ರ. ಸೆಕೆಂಡಿಗೆ 24 ಫ್ರೇಮ್ ಅಂದರೆ ನಿಮಿಷಕ್ಕೆ 36 ಅಡಿ. ಬೆಲ್ಜಿಯಂನ ನಿರ್ದೇಶಕಿ ಶಾಂತಲ್ ಅಕರ್ಮನ್ 1976ರಲ್ಲಿ ನ್ಯೂಯಾರ್ಕಿನ ಬೀದಿಗಳನ್ನು, ನೆಲದಡಿಯ ರೈಲುಗಳನ್ನು 16 ಎಂಎಂನಲ್ಲಿ ಉದ್ದುದ್ದ ಶಾಟ್‌ಗಳಲ್ಲಿ ಹಿಡಿದರು. ಕೊನೆಯ ಶಾಟ್‌ನಲ್ಲಿ ಫೆರ್ರಿಯಿಂದ ನೋಡುತ್ತಿದ್ದಂತೆ ಊರು ನಿಧಾನವಾಗಿ ದೂರ ಸರಿಯುತ್ತದೆ. ಅದೊಂದೇ ಸುಮಾರು ಹತ್ತು ನಿಮಿಷ. ಅಮೆರಿಕದ ನಿರ್ದೇಶಕ ಜೇಮ್ಸ್ ಬೆನ್ನಿಂಗ್ 2004ರಲ್ಲಿ ಹದಿಮೂರು ಕೆರೆಗಳನ್ನು ತಲಾ ಹತ್ತು ನಿಮಿಷ ತೋರಿಸಿದರು. ಇವರಿಗೆ ರೋಲೇ ಒಂದು ಮಿತಿ ಹಾಕಿಕೊಟ್ಟಿತ್ತು. ನನ್ನ ಹತ್ತಿರ ಇರುವುದು ಸೆಕೆಂಡ್‌ಹ್ಯಾಂಡ್ ಡಿಜಿಟಲ್ ಕ್ಯಾಮೆರಾ. ಮಿತಿ ಇಲ್ಲದಿದ್ದರೆ ಏನಾದರೂ ಚೆನ್ನಾಗಿರುವುದು ಸಿಕ್ಕ ತಕ್ಷಣ ನಿಲ್ಲಿಸಿಬಿಡುತ್ತೇನೆ. ಅದು ನನಗೆ ಬೇಡ. ಆದ್ದರಿಂದ ರೋಲಿನ ಅಳತೆಯನ್ನೇ ಇಟ್ಟುಕೊಂಡೆ.

1. ಫೆಬ್ರವರಿ 2, ಭಾನುವಾರ: ಬರಿ ಟ್ರೈಪಾಡ್

ಬೆಳಿಗ್ಗೆ 5:40ಕ್ಕೆ ಹೂವಿನ ಸಾಲಿನ ಪಕ್ಕ ಟ್ರೈಪಾಡ್ ಇಟ್ಟೆ. ಮೂರು ಸಲ ಪ್ರಯತ್ನ.

ಮೊದಲ ಸಲ ಎರಡೇ ನಿಮಿಷ. ತಲೆ ಮೇಲೆ ಚೆಂಡು ಹೂವಿನ ಮೂಟೆ ಹೊತ್ತವರು "ದಾರಿ, ದಾರಿ!" ಅಂತ ಬಂದರು. ಅವರಿಗೆ ನಿಲ್ಲಲು ಆಗುವುದಿಲ್ಲ, ಸರಿಯಬೇಕಾದದ್ದು ನಾನೇ. ಎರಡನೇ ಸಲ ನಾಲ್ಕು ಹುಡುಗರು ಲೆನ್ಸ್ ಮುಂದೆ ನಿಂತರು. "ಯಾವ ಚಾನೆಲ್ ಸಾರ್?" ಮೂರನೇ ಸಲ ಆರೂವರೆ ನಿಮಿಷ ಬಂತು. ಖುಷಿಯಾಯಿತು.

ಮನೆಗೆ ಬಂದು ನೋಡಿದಾಗ ನಿಜ ಗೊತ್ತಾಯಿತು. ಆ ಆರೂವರೆ ನಿಮಿಷದಲ್ಲಿ ನಾನು ಕ್ಯಾಮೆರಾವನ್ನು ನಾಲ್ಕು ಸಲ ಮುಟ್ಟಿದ್ದೆ. ಒಮ್ಮೆ ಫೋಕಸ್ ಸರಿ ಮಾಡಿದ್ದೆ. ಒಮ್ಮೆ ಸೇವಂತಿಗೆ ತುಂಬಿದ ಆಟೋ ಬಂತು ಅಂತ ಸ್ವಲ್ಪ ಎಡಕ್ಕೆ ತಿರುಗಿಸಿದ್ದೆ. ಉಳಿದ ಎರಡು ಸಲ ಯಾಕೆ ಮುಟ್ಟಿದೆ ಅನ್ನೋದೇ ನೆನಪಿಲ್ಲ. ತಿರುಗಿಸಿದ ಜಾಗದಲ್ಲಿ ಶಾಟ್ ಸತ್ತಿತ್ತು. ಅಲ್ಲಿವರೆಗೂ ಬೀದಿ ತನ್ನಷ್ಟಕ್ಕೆ ನಡೆಯುತ್ತಿತ್ತು. ಅಲ್ಲಿಂದ ಮುಂದೆ ನಾನು ಬೆರಳು ತೋರಿಸುತ್ತಿದ್ದೇನೆ ಅಂತ ಗೊತ್ತಾಗುತ್ತಿತ್ತು.

ಹಾಗಾಗಿ ಮೊದಲು ಬೇಕಾದದ್ದು ನನ್ನ ಕೈಗೆ ಸಿಗದ ಹಾಗೆ ಕ್ಯಾಮೆರಾ ಇಡುವ ಒಂದು ಪೆಟ್ಟಿಗೆ.

2. ಫೆಬ್ರವರಿ 6: ಜಾಗ

ಅವೆನ್ಯೂ ರಸ್ತೆಯ ಕಡೆ ಒಂದು ಹಳೇ ಕಟ್ಟಡ. ಮೊದಲ ಮಹಡಿಯಲ್ಲಿ ಬಟ್ಟೆ ಅಂಗಡಿ, ಮುಂದೆ ಚಿಕ್ಕ ಬಾಲ್ಕನಿ. ಕೆಳಗೆ ಹೂವಿನವರು ಕೂರುತ್ತಾರೆ. ಅಂಗಡಿ ಅಣ್ಣನನ್ನು ಕೇಳಿದೆ. ಬಾಡಿಗೆ ಬೇಡ ಅಂದರು. ಅವರ ಅಪ್ಪ ಬರೆಸಿದ್ದ ಹಳೇ ಬೋರ್ಡಿನ ಒಂದು ಒಳ್ಳೇ ಫೋಟೋ ತೆಗೆದುಕೊಡಬೇಕು, ಗೋಡೆಗೆ ಮೊಳೆ ಹೊಡೆಯಬಾರದು, ಇಷ್ಟೇ ಷರತ್ತು. ಫೋಟೋ ಆವತ್ತೇ ತೆಗೆದೆ.

ದಾರಕ್ಕೆ ಬೀಗ ಕಟ್ಟಿ ಇಳಿಬಿಟ್ಟು ಎತ್ತರ ಅಳೆದೆ. ಬಾಲ್ಕನಿ ಗೋಡೆಯ ಮೇಲ್ಭಾಗದಿಂದ ರಸ್ತೆಗೆ 16 ಅಡಿ 4 ಇಂಚು. ಗೋಡೆಯ ದಪ್ಪ 9 ಇಂಚು. ಪೆಟ್ಟಿಗೆ ಕೂರುವುದು ಆ 9 ಇಂಚಿನ ಮೇಲೆ.

3. ಫೆಬ್ರವರಿ 8ರಿಂದ 11: ಪೆಟ್ಟಿಗೆ

ಪರಿಚಯದ ಬಡಗಿಯ ಹತ್ತಿರ ಉಳಿದಿದ್ದ 12 ಎಂಎಂ ಪ್ಲೈವುಡ್ ತುಂಡುಗಳು. ಕತ್ತರಿಸಿದ ಕೂಲಿ ಸೇರಿ ₹650. ಒಳಗಿನ ಅಳತೆ ಉದ್ದ 14, ಅಗಲ 10, ಎತ್ತರ 10 ಇಂಚು. ಹಿಂದಿನ ಹಲಗೆಗೆ ಕೀಲು ಹಾಕಿ ಬಾಗಿಲು ಮಾಡಿದೆ. ಕೀಲು, ಸ್ಕ್ರೂ, ಬೋಲ್ಟು ₹140.

ಮೊದಲ ತಪ್ಪು ಇಲ್ಲೇ. ಕ್ಯಾಮೆರಾವನ್ನು ಸರಿಯಾಗಿ ಮಧ್ಯಕ್ಕೆ ಕೂರಿಸಲು ತೂತು ಹೊಡೆದೆ. ನನ್ನ ಕ್ಯಾಮೆರಾದ ಸ್ಕ್ರೀನ್ ಪಕ್ಕಕ್ಕೆ ತೆರೆದುಕೊಳ್ಳುತ್ತದೆ. ಪೆಟ್ಟಿಗೆಯೊಳಗೆ ಅದಕ್ಕೆ ಜಾಗವೇ ಇಲ್ಲ! ಇನ್ನೊಂದು ತೂತು, ಒಂದೂವರೆ ಇಂಚು ಬಲಕ್ಕೆ. ಹಳೇ ತೂತು ಹಾಗೇ ಇದೆ.

ಎರಡನೇದು ಬೋಲ್ಟು. ಕ್ಯಾಮೆರಾದ ತಳದಲ್ಲಿರುವುದು ಕಾಲಿಂಚು ಮರೆ (ಸ್ಕ್ರೂ ಕೂರುವ ಸುತ್ತುಗೆರೆ), ಇಂಚಿಗೆ 20 ಸುತ್ತು. ಹಾರ್ಡ್‌ವೇರ್ ಅಂಗಡಿಯಲ್ಲಿ ಸುಮ್ನೆ "ಸಣ್ಣ ಬೋಲ್ಟು ಕೊಡಿ" ಅಂದರೆ 6 ಎಂಎಂನದ್ದು ಕೊಡುತ್ತಾರೆ. ನೋಡಲು ಒಂದೇ ತರಹ. ಎರಡು ಸುತ್ತು ಸಲೀಸಾಗಿ ಹೋಗಿ ಆಮೇಲೆ ಬಿಗಿಯಾಗುತ್ತದೆ. ಬಲ ಹಾಕಿದರೆ ಕ್ಯಾಮೆರಾದ ಮರೆ ಹಾಳು. ನಾನು ಎರಡನೇ ಸುತ್ತಿಗೇ ನಿಲ್ಲಿಸಿದೆ. ದಯವಿಟ್ಟು ಹಳೇ ಟ್ರೈಪಾಡಿನ ಸ್ಕ್ರೂ ಜೊತೆಗೆ ತೆಗೆದುಕೊಂಡು ಹೋಗಿ, ಹೋಲಿಸಿ ನೋಡಿ ತನ್ನಿ.

ಮೂರನೇದು ಗಾಜು. ಧೂಳು ಬರಬಾರದು ಅಂತ ಮುಂದಿನ ಬಾಯಿಗೆ 4 ಎಂಎಂ ಕಿಟಕಿ ಗಾಜು ಹಾಕಿಸಿದೆ, ₹90. ಕತ್ತಲಲ್ಲಿ ಪರೀಕ್ಷೆ ಮಾಡಿದರೆ ಬೀದಿಯ ಪ್ರತಿ ಬಲ್ಬಿಗೂ ಪಕ್ಕದಲ್ಲಿ ಇನ್ನೊಂದು ಮಸುಕು ಬಲ್ಬು. ಗಾಜಿನ ಎರಡೂ ಮುಖದಲ್ಲಿ ಬೆಳಕು ಹೊಡೆದು ವಾಪಸ್ ಬರುತ್ತಿತ್ತು. ಗಾಜು ತೆಗೆದೆ. ಈಗ ಬಾಯಿ ತೆರೆದೇ ಇದೆ. ಲೆನ್ಸಿಗೆ ಮೊದಲಿಂದ ಇದ್ದ ಯುವಿ ಫಿಲ್ಟರ್ ಸಾಕು.

4. ಫೆಬ್ರವರಿ 13ರಿಂದ 15: ಕರೆಂಟು

ಕ್ಯಾಮೆರಾದ ಸ್ವಂತ ಬ್ಯಾಟರಿ 50 ನಿಮಿಷ ಬರುತ್ತದೆ. 11 ನಿಮಿಷಕ್ಕೆ ಸಾಕಲ್ವಾ ಅನ್ನಿಸಬಹುದು. ಆದರೆ ಶಾಟ್ ಶುರುವಾಗುವ ಮೊದಲು ಮುಕ್ಕಾಲು ಗಂಟೆ ಕ್ಯಾಮೆರಾ ಆನ್ ಆಗಿಯೇ ಇರಬೇಕು. ಫ್ರೇಮ್ ನೋಡುತ್ತಾ ಕಾಯಬೇಕು. ಬ್ಯಾಟರಿ ಬದಲಿಸಲು ಬಾಗಿಲು ತೆಗೆದರೆ ಫ್ರೇಮ್ ಒಂದೆರಡು ಮಿಲಿಮೀಟರ್ ಆಚೀಚೆ ಆಗಿಬಿಡುತ್ತದೆ.

ಎಲೆಕ್ಟ್ರಾನಿಕ್ ಸಾಮಾನು ಸಿಗುವ ಎಸ್.ಪಿ. ರಸ್ತೆಗೆ ಹೋದೆ. ಅಲ್ಲಿಗೆ ಭಾನುವಾರ ಹೋಗಬೇಡಿ, ಬಹಳ ಅಂಗಡಿಗಳು ಮುಚ್ಚಿರುತ್ತವೆ. ತಂದದ್ದು ಇಷ್ಟು: ಯುಪಿಎಸ್‌ಗೆ ಹಾಕುವ 12 ವೋಲ್ಟ್ 7 ಆಂಪಿಯರ್-ಅವರ್ ಬ್ಯಾಟರಿ ₹950, ಅದರ ಚಾರ್ಜರ್ ₹450, ಕ್ಯಾಮೆರಾದೊಳಗೆ ಬ್ಯಾಟರಿ ಜಾಗದಲ್ಲಿ ಕೂತು ಹೊರಗಿನ ಕರೆಂಟು ಕೊಡುವ ಬ್ಯಾಟರಿ ಆಕಾರದ ಡಮ್ಮಿ ₹750, ವೋಲ್ಟೇಜ್ ಇಳಿಸುವ ಎಲ್‌ಎಂ2596 ಬೋರ್ಡ್ ₹80, ವೈರು, ಫ್ಯೂಸು, ಕನೆಕ್ಟರ್ ₹210.

ಬೋರ್ಡಿನ ಚಿಕ್ಕ ಸ್ಕ್ರೂ ತಿರುಗಿಸಿ ಮಲ್ಟಿಮೀಟರಿನಲ್ಲಿ 8.0 ವೋಲ್ಟಿಗೆ ಇಡಬೇಕು. ಇಟ್ಟೆ. ಆಮೇಲೆ ಬ್ಯಾಟರಿ ಬಿಚ್ಚಿ ಮತ್ತೆ ಜೋಡಿಸುವಾಗ ಪ್ಲಸ್ಸು ಮೈನಸ್ಸು ಅದಲುಬದಲು ಮಾಡಿದೆ. ಪಟ್ ಅಂತ ಸದ್ದು, ಸುಟ್ಟ ವಾಸನೆ. ಈ ಬೋರ್ಡಿಗೆ ಉಲ್ಟಾ ಜೋಡಿಸಿದರೆ ಯಾವ ರಕ್ಷಣೆಯೂ ಇಲ್ಲ. ಕ್ಯಾಮೆರಾ ಜೋಡಿಸಿರಲಿಲ್ಲ, ಬದುಕಿಕೊಂಡೆ. ಇನ್ನೊಂದು ₹80. ಈಗ ಒಂದೇ ದಿಕ್ಕಿಗೆ ಕೂರುವ ಕನೆಕ್ಟರ್ ಹಾಕಿದ್ದೇನೆ. ಮೊದಲೇ ಹಾಕಬೇಕಿತ್ತು.

ಮುಂದಿನ ತೊಂದರೆಗೆ ಒಂದೂವರೆ ದಿನ ಹಿಡಿಯಿತು. ಕ್ಯಾಮೆರಾ ಆನ್ ಆಗುತ್ತಿತ್ತು. ರೆಕಾರ್ಡ್ ಒತ್ತಿದ ಕೂಡಲೇ ಆಫ್. ಬ್ಯಾಟರಿ ಮತ್ತು ಬೋರ್ಡ್ ಎರಡನ್ನೂ ಕೆಳಗೆ ನೆಲದ ಮೇಲೆ ಇಟ್ಟು, ಅಲ್ಲಿಂದ ಎರಡು ಮೀಟರ್ ತೆಳು ವೈರಿನಲ್ಲಿ 8 ವೋಲ್ಟ್ ಮೇಲಕ್ಕೆ ಕಳಿಸುತ್ತಿದ್ದೆ. ಕ್ಯಾಮೆರಾ ತುದಿಯಲ್ಲಿ ಅಳೆದರೆ ರೆಕಾರ್ಡ್ ಒತ್ತಿದಾಗ 7.1ಕ್ಕೆ ಕುಸಿಯುತ್ತಿತ್ತು. ವೈರಿನಲ್ಲೇ ಸೋರಿ ಹೋಗುತ್ತಿತ್ತು. ಬೋರ್ಡನ್ನು ಪೆಟ್ಟಿಗೆಯೊಳಗೆ, ಕ್ಯಾಮೆರಾ ಪಕ್ಕಕ್ಕೆ ತಂದೆ. ಈಗ ಉದ್ದ ವೈರಿನಲ್ಲಿ ಬರುವುದು 12 ವೋಲ್ಟ್, ಮೇಲೆ ಬಂದಮೇಲೆ ಇಳಿಯುವುದು. ವೈರನ್ನೂ ಮನೆ ವೈರಿಂಗಿನ 1 ಚದರ ಎಂಎಂ ತಾಮ್ರಕ್ಕೆ ಬದಲಿಸಿದೆ. ಆಮೇಲೆ ನಾಲ್ಕೂವರೆ ಗಂಟೆ ಸತತವಾಗಿ ಆನ್ ಇಟ್ಟು ನೋಡಿದೆ. ಒಮ್ಮೆಯೂ ನಿಲ್ಲಲಿಲ್ಲ.

ಕಾರ್ಡಿನ ಬಗ್ಗೆ ಒಂದು ಮಾತು. ನನ್ನ ಹಳೇ 32 ಜಿಬಿ ಕಾರ್ಡಿನಲ್ಲಿ ಫೈಲುಗಳನ್ನು ಬರೆದಿಡುವ ಕ್ರಮ ಎಫ್‌ಎಟಿ32. ಅದರಲ್ಲಿ ಒಂದು ಫೈಲು 4 ಜಿಬಿ ದಾಟುವ ಹಾಗಿಲ್ಲ. 4ಕೆಯಲ್ಲಿ ಸೆಕೆಂಡಿಗೆ 100 ಮೆಗಾಬಿಟ್ ಅಂದರೆ 11 ನಿಮಿಷಕ್ಕೆ ಸುಮಾರು 8 ಜಿಬಿ. ಶಾಟ್ ತುಂಡು ತುಂಡಾಗಿ ಬರುತ್ತಿತ್ತು, ಜೋಡಿಸಿದ ಕಡೆ ಶಬ್ದದಲ್ಲಿ ಟಿಕ್ ಅಂತ ಕೇಳುತ್ತಿತ್ತು. 128 ಜಿಬಿ ಕಾರ್ಡು ಎಕ್ಸ್‌ಫ್ಯಾಟ್, ಆ ಗೋಳಿಲ್ಲ. ₹1,100.

5. ಫೆಬ್ರವರಿ 18ರಿಂದ 20: ಬಿಸಿ

ಹನ್ನೆರಡರಲ್ಲಿ ನಾಲ್ಕು ಶಾಟ್ ಮಧ್ಯಾಹ್ನದವು. ಆದ್ದರಿಂದ ಬಿಸಿಲಲ್ಲಿ ಪರೀಕ್ಷೆ ಮಾಡಲೇಬೇಕು.

ಬೆಳಕು ಪ್ರತಿಫಲಿಸಬಾರದು ಅಂತ ಪೆಟ್ಟಿಗೆಯನ್ನು ಒಳಗೂ ಹೊರಗೂ ಕಪ್ಪು ಬಳಿದಿದ್ದೆ. 11 ಗಂಟೆಗೆ ಬಾಲ್ಕನಿಯಲ್ಲಿಟ್ಟು ಆನ್ ಮಾಡಿದೆ. 19ನೇ ನಿಮಿಷಕ್ಕೆ ಕ್ಯಾಮೆರಾ ಬಿಸಿಯ ಗುರುತು ತೋರಿಸಿ ನಿಂತಿತು. ಒಳಗಿಟ್ಟಿದ್ದ ಥರ್ಮಾಮೀಟರ್ 49 ಡಿಗ್ರಿ. ಹೊರಗೆ ಕಪ್ಪು ಬಳಿಯುವ ಅಗತ್ಯವೇ ಇರಲಿಲ್ಲ, ಕಪ್ಪು ಬೇಕಾದದ್ದು ಲೆನ್ಸಿನ ಸುತ್ತ, ಒಳಗೆ ಮಾತ್ರ.

ಹೊರಗೆ ಎರಡು ಕೋಟ್ ಬಿಳಿ. ಎರಡೂ ಬಣ್ಣ ಸೇರಿ ₹260. ಜೊತೆಗೆ 12 ವೋಲ್ಟಿನ 80 ಎಂಎಂ ಕಂಪ್ಯೂಟರ್ ಫ್ಯಾನು, ₹120. ಹಿಂಭಾಗದಲ್ಲಿ ಗಾಳಿ ಹೊರಗೆ ಎಳೆಯುವ ಹಾಗೆ ಕೂರಿಸಿದೆ. ಮುಂದಿನ ಬಾಯಿ ತೆರೆದಿರುವುದರಿಂದ ಗಾಳಿ ಅಲ್ಲಿಂದ ಒಳಗೆ ಬರುತ್ತದೆ. ಕ್ಯಾಮೆರಾದ ಸ್ಕ್ರೀನನ್ನು ಬೆನ್ನಿಗೆ ಮಡಚದೆ ಪಕ್ಕಕ್ಕೆ ತೆರೆದಿಡಬೇಕು, ಬೆನ್ನಿನಿಂದ ಬಿಸಿ ಹೊರಬರಲು ದಾರಿ ಸಿಗುತ್ತದೆ. ಮಾರನೇ ದಿನ ಅದೇ ಹೊತ್ತಿಗೆ ಒಳಗೆ 38 ಡಿಗ್ರಿ. 29 ನಿಮಿಷ 59 ಸೆಕೆಂಡಿಗೆ ಕ್ಯಾಮೆರಾ ತಾನಾಗಿ ನಿಂತಿತು. ಆದರೆ ಅದು ಬಿಸಿಗಲ್ಲ. ಅರ್ಧ ಗಂಟೆ ದಾಟಿ ರೆಕಾರ್ಡ್ ಮಾಡುವ ಕ್ಯಾಮೆರಾಗಳಿಗೆ ಯುರೋಪಿನಲ್ಲಿ ವಿಡಿಯೋ ಕ್ಯಾಮೆರಾದ ಸುಂಕ ಬೀಳುತ್ತಿತ್ತು, ಅದಕ್ಕೇ ಹಳೇ ಮಾಡೆಲ್‌ಗಳಿಗೆ ಆ ಮಿತಿ ಇಟ್ಟಿದ್ದರು. ನನ್ನ 11 ನಿಮಿಷಕ್ಕೆ ಅದು ಅಡ್ಡಿಯಲ್ಲ.

6. ಫೆಬ್ರವರಿ 23ರಿಂದ 27: ಅಲುಗಾಟ

ಗೋಡೆ ಗಟ್ಟಿ ಇದೆ ಅಂದುಕೊಂಡಿದ್ದೆ. ದೂರದ್ದನ್ನು ದೊಡ್ಡದಾಗಿ ತೋರಿಸುವ 85 ಎಂಎಂ ಲೆನ್ಸ್ ಹಾಕಿ ನೋಡಿದರೆ ಇಡೀ ಬೀದಿ ನಡುಗುತ್ತಿತ್ತು. ಕೆಳಗೆ ಹೋಗುವ ಮೆಟ್ರೋ ಕಾರಣ ಇರಬಹುದು ಅನ್ನಿಸಿತು. ಆದರೆ ಬೆಳಗಿನ ಮೊದಲ ರೈಲಿಗೂ ಮುಂಚೆ ನಡುಕ ಇತ್ತು. ಒಂದು ಬಟ್ಟಲಿಗೆ ನೀರು ತುಂಬಿ ಗೋಡೆ ಮೇಲಿಟ್ಟು ಕೂತೆ. ಯಾರಾದರೂ ಪಕ್ಕದ ಕಬ್ಬಿಣದ ಮೆಟ್ಟಿಲು ಹತ್ತಿದಾಗ, ಕೆಳಗಿನ ಗೋಡೌನಿನ ಷಟರ್ ಎತ್ತಿದಾಗ ನೀರಿನಲ್ಲಿ ಸುತ್ತುಗಳು ಏಳುತ್ತಿದ್ದವು. ಕಾರಣ ಸಿಕ್ಕಿತು.

ಹಾಸಿಗೆಗೆ ಹಾಕುವ ಫೋಮ್ ತಂದು ಕೆಳಗಿಟ್ಟೆ, ₹110. ಇನ್ನೂ ಕೆಟ್ಟಿತು. ಸಣ್ಣ ನಡುಕ ಹೋಯಿತು, ಆದರೆ ಪೆಟ್ಟಿಗೆ ದೋಣಿಯ ಹಾಗೆ ನಿಧಾನವಾಗಿ ತೂಗಲು ಶುರುಮಾಡಿತು. ನಡುಕವಾದರೂ ವಾಸಿ, ಈ ತೂಗಾಟ ನೋಡಿದರೆ ತಲೆ ಸುತ್ತುತ್ತದೆ.

ಕೊನೆಗೆ ಕೈಹಿಡಿದದ್ದು ವಾಷಿಂಗ್ ಮಷೀನಿನ ಕಾಲಿಗೆ ಹಾಕುವ ರಬ್ಬರ್, ನಾಲ್ಕರ ಸೆಟ್ ₹220. ಅದರ ಮೇಲೆ ಪೆಟ್ಟಿಗೆ. ಪೆಟ್ಟಿಗೆಯ ಮೇಲೆ 6 ಕೆಜಿ ಮರಳಿನ ಚೀಲ. ಚೀಲವನ್ನು ಟೈಲರ್ ಹತ್ತಿರ ಎರಡು ಪದರ ಹೊಲಿಸಿದೆ, ₹80. ಭಾರ ಇಲ್ಲದೆ ರಬ್ಬರ್ ಕೆಲಸ ಮಾಡುವುದಿಲ್ಲ, ಇದನ್ನು ನೆನಪಿಡಿ. ಬೀಳದ ಹಾಗೆ ಎರಡು ಬೆಲ್ಟು ಬಾಲ್ಕನಿ ಕಂಬಕ್ಕೆ ಸುತ್ತಿದೆ. ಕೆಳಗೆ ಜನ ಕೂತಿರುತ್ತಾರೆ, ಇದರಲ್ಲಿ ಸ್ವಲ್ಪವೂ ಉದಾಸೀನ ಮಾಡುವ ಹಾಗಿಲ್ಲ.

85 ಎಂಎಂ ಆಸೆಯನ್ನೂ ಬಿಟ್ಟೆ. 35 ಎಂಎಂ ಹಾಕಿದೆ. ಉಳಿದ ನಡುಕ ಅದರಲ್ಲಿ ಕಾಣುವುದಿಲ್ಲ. ಹಾಕಿದ ಮೇಲೆ ಗೊತ್ತಾಯಿತು, ಈ ಸಿನಿಮಾಗೆ ಅದೇ ಸರಿ. 85ರಲ್ಲಿ ಒಂದು ಮುಖ, ಎರಡು ಬುಟ್ಟಿ. 35ರಲ್ಲಿ ಹೂವಿನ ಸಾಲು, ತಳ್ಳುಗಾಡಿ, ಎದುರು ಗೋಡೆ, ಮೇಲೆ ಚೂರು ಆಕಾಶ, ಎಲ್ಲ ಇದೆ. ಕಣ್ಣಿಗೆ ಓಡಾಡಲು ಜಾಗ ಇದೆ. 11 ನಿಮಿಷ ಒಂದೇ ಕಡೆ ನೋಡುವವರಿಗೆ ಅದು ಬೇಕೇ ಬೇಕು.

7. ಮಾರ್ಚ್ 1, ಶನಿವಾರ: ನನ್ನ ಅತಿ ದೊಡ್ಡ ತಪ್ಪು

ಎಲ್ಲ ತಯಾರಾಗಿತ್ತು. ಕೈ ಮುಟ್ಟಬಾರದು ಅನ್ನುವ ಹಟದಲ್ಲಿ ರೆಕಾರ್ಡ್ ಒತ್ತಿ, ಬಾಗಿಲಿಗೆ ಬೀಗ ಹಾಕಿ, ನಾನು ಕೆಳಗೆ ಇಳಿದು ಕಾಫಿ ಕುಡಿಯಲು ಹೋದೆ. ಇಪ್ಪತ್ತು ನಿಮಿಷ ಬಿಟ್ಟು ಬಂದರೆ ಕಟ್ಟಡದ ಕೆಳಗೆ ಜನ ಗುಂಪಾಗಿದ್ದರು. ಇಬ್ಬರು ಪೊಲೀಸರು ಮೇಲೆ ನೋಡುತ್ತಿದ್ದರು. ಹೂವಿನವರು ಬುಟ್ಟಿ ಎತ್ತಿಕೊಂಡು ಆಚೆ ಸರಿದಿದ್ದರು.

ಯೋಚನೆ ಮಾಡಿ. ಕಿಕ್ಕಿರಿದ ಮಾರ್ಕೆಟ್. ಗೋಡೆ ಮೇಲೆ ಬೀಗ ಹಾಕಿದ ಪೆಟ್ಟಿಗೆ. ಅದರಿಂದ ಕೆಂಪು ಕಪ್ಪು ವೈರು ಇಳಿದು ಬ್ಯಾಟರಿಗೆ ಹೋಗಿದೆ. ಪಕ್ಕದಲ್ಲಿ ಯಾರೂ ಇಲ್ಲ. ನೋಡಿದವರಿಗೆ ಬೇರೆ ಏನು ಅನ್ನಿಸಬೇಕು?

"ಯಾರ್ದ್ರೀ ಇದು?" ಅಂತ ಪೊಲೀಸರು ಕೇಳಿದರು. ನನ್ನದು ಅಂದೆ. ಬೀಗ ತೆಗೆದು ತೋರಿಸಿದೆ. ಅವರು ಬೈದದ್ದು ಕಮ್ಮಿ. ಅಂಗಡಿ ಅಣ್ಣನೂ ಬಂದು ನನ್ನ ಪರ ಮಾತಾಡಿದರು. ಆದರೆ ಬುಟ್ಟಿ ಎತ್ತಿಕೊಂಡು ಹೋದವರಲ್ಲಿ ವಯಸ್ಸಾದ ಹೂವಿನಮ್ಮ ಒಬ್ಬರಿದ್ದರು. ಗಡಿಬಿಡಿಯಲ್ಲಿ ಅವರ ಕನಕಾಂಬರದ ಬುಟ್ಟಿ ಮಗುಚಿ ಅರ್ಧ ಹೂವು ಕೆಸರಾಗಿತ್ತು. ಬೆಳಗಿನ ಬೋಣಿಯ ಹೊತ್ತು. ಹೂವಿನ ದುಡ್ಡು ಕೊಟ್ಟೆ, ತೆಗೆದುಕೊಂಡರು. ಆ ದಿನ ರೆಕಾರ್ಡ್ ಆದದ್ದನ್ನು ಅಳಿಸಿಬಿಟ್ಟೆ. ಅದರಲ್ಲಿದ್ದದ್ದು ಬೀದಿಯ ದಿನನಿತ್ಯದ ಬದುಕಲ್ಲ, ನಾನು ಹುಟ್ಟಿಸಿದ ಭಯ.

ಎರಡು ವಾರ ಮನಸ್ಸಿನಲ್ಲಿ ಕೊರೆದದ್ದು ಇದು. ಕ್ಯಾಮೆರಾದಿಂದ ಕೈ ತೆಗೆಯಬೇಕು ಅನ್ನೋದನ್ನು, ಅಲ್ಲಿಂದಲೇ ಎದ್ದುಹೋಗಬೇಕು ಅಂತ ತಪ್ಪು ತಿಳಿದಿದ್ದೆ. ಜನರನ್ನು ನೋಡಲು ಬಂದವನಿಗೆ ಜನರ ಕಣ್ಣಿಗೆ ಬೀಳದೆ ಇರುವ ಹಕ್ಕಿಲ್ಲ.

8. ಮಾರ್ಚ್ 5ರಿಂದ 7: ಪೆಟ್ಟಿಗೆ ಮತ್ತೆ ಕಟ್ಟಿದ್ದು

ಹಿಂದಿನ ಪ್ಲೈವುಡ್ ಬಾಗಿಲು ಮತ್ತು ಎಡಪಕ್ಕದ ಹಲಗೆ ಬಿಚ್ಚಿದೆ. ಆ ಜಾಗಕ್ಕೆ 4 ಎಂಎಂ ಪಾರದರ್ಶಕ ಅಕ್ರಿಲಿಕ್, ಕತ್ತರಿಸಿ ಕೊಟ್ಟದ್ದಕ್ಕೆ ಸೇರಿ ₹380. ಫ್ಯಾನನ್ನು ಮತ್ತೆ ಕೂರಿಸುವಾಗ ಡ್ರಿಲ್ ಜೋರಾಗಿ ಒತ್ತಿದೆ, ಮೂಲೆಯಲ್ಲಿ ಒಂದು ಸೀಳು ಬಿಟ್ಟಿದೆ. ಅಕ್ರಿಲಿಕ್‌ಗೆ ನಿಧಾನವಾಗಿ, ಕೆಳಗೆ ಮರದ ತುಂಡು ಇಟ್ಟು ತೂತು ಹೊಡೆಯಬೇಕು.

ವೈರುಗಳನ್ನು ಬಿಳಿ ಪಿವಿಸಿ ಪಟ್ಟಿಯೊಳಗೆ ಹಾಕಿದೆ. ಬೀಗ ಇಲ್ಲ. ಕನ್ನಡ, ಉರ್ದು, ತಮಿಳಿನಲ್ಲಿ ಒಂದು ಬೋರ್ಡು ಬರೆಸಿದೆ, ₹200. ಇಲ್ಲಿ ಸಿನಿಮಾ ಶೂಟಿಂಗ್ ನಡೆಯುತ್ತಿದೆ, ಬೇಡ ಅನ್ನುವವರು ಹೇಳಿ, ನಿಲ್ಲಿಸುತ್ತೇನೆ ಅಂತ. ಠಾಣೆಗೆ ಹೋಗಿ ಒಂದು ಪತ್ರ ಕೊಟ್ಟು ಬಂದೆ. ಕೆಳಗೆ ಕೂರುವ ಪ್ರತಿಯೊಬ್ಬರಿಗೂ ಮೇಲೆ ಕರೆದು ಸ್ಕ್ರೀನ್ ತೋರಿಸಿದೆ. ಮೂರು ಬೆಳಗು ಹಿಡಿಯಿತು. ಒಬ್ಬರು ನನ್ನ ಮುಖ ಬರೋದು ಬೇಡ ಅಂದರು. ಫ್ರೇಮನ್ನು ಎರಡು ಅಡಿ ಬಲಕ್ಕೆ ಸರಿಸಿದೆ.

ಈಗ ನಾನು ಕೂರುವುದು ಪೆಟ್ಟಿಗೆಯಿಂದ ಮೂರು ಅಡಿ ದೂರ, ಸ್ಟೂಲ್ ಮೇಲೆ. ಎಲ್ಲರಿಗೂ ಕಾಣುವ ಹಾಗೆ. ಕೈಗಳು ತೊಡೆ ಮೇಲೆ. ಮೊದಲ ಎರಡು ದಿನ ಕೆಳಗಿನವರು ಮೇಲೆ ನೋಡುತ್ತಿದ್ದರು. ಮೂರನೇ ದಿನಕ್ಕೆ ಯಾರೂ ನೋಡಲಿಲ್ಲ. ಹುಡುಗರು ಕೂಡ.

9. ಮಾರ್ಚ್ 8ರಿಂದ 16: ಬೆಳಕು, ಫೋಕಸ್

ಇಲ್ಲಿ ಬರಿ ತಪ್ಪುಗಳನ್ನೇ ಬರೆಯುತ್ತೇನೆ, ಪರಿಹಾರದ ಜೊತೆ.

ಸೆಕೆಂಡಿಗೆ 24 ಫ್ರೇಮ್ ಇಟ್ಟೆ, ಷಟರ್ (ಒಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತು) 1/48 ಸೆಕೆಂಡು. ಟ್ಯೂಬ್‌ಲೈಟ್ ಕೆಳಗಿನ ಅಂಗಡಿಗಳಲ್ಲಿ ಬೆಳಕು ನಿಧಾನವಾಗಿ ಮಿಡಿಯುತ್ತಿತ್ತು. ನಮ್ಮ ಕರೆಂಟು 50 ಹರ್ಟ್ಝ್, ದೀಪ ಸೆಕೆಂಡಿಗೆ 100 ಸಲ ಮಿನುಗುತ್ತದೆ. 25 ಫ್ರೇಮ್, ಷಟರ್ 1/50 ಇಟ್ಟ ಮೇಲೆ ಹೋಯಿತು. ಚಿಕ್ಕ ಶಾಟ್‌ನಲ್ಲಿ ಇದು ಗಮನಕ್ಕೇ ಬರುತ್ತಿರಲಿಲ್ಲ.

ಕ್ಯಾಮೆರಾದೊಳಗಿನ ಸ್ಟೆಬಿಲೈಸರ್ ಆನ್ ಬಿಟ್ಟಿದ್ದೆ. ಕ್ಯಾಮೆರಾ ಅಲುಗದೆ ಕೂತಿದ್ದರೂ ಅದು ಇಲ್ಲದ ಅಲುಗಾಟವನ್ನು ಹುಡುಕುತ್ತಾ ಫ್ರೇಮನ್ನು ಮೆಲ್ಲಗೆ ಜಾರಿಸುತ್ತಿತ್ತು. ಆಫ್ ಮಾಡಿ.

ಆಟೋಫೋಕಸ್ ತಳ್ಳುಗಾಡಿ ಬಂದಾಗಲೆಲ್ಲ ಅದರ ಹಿಂದೆ ಓಡುತ್ತಿತ್ತು. ಮ್ಯಾನ್ಯುಯಲ್ ಮಾಡಿ, ಹೂವಿನ ಸಾಲಿಗೆ ಫೋಕಸ್ ಇಟ್ಟು, ರಿಂಗಿಗೆ ಟೇಪ್ ಸುತ್ತಿದೆ.

ಬೆಳಕಿನದ್ದೇ ಕಷ್ಟದ ಪಾಠ. ಮಾರ್ಚ್ 8ರಂದು 6:05ಕ್ಕೆ ಶುರು ಮಾಡಿದೆ. ಕತ್ತಲಲ್ಲಿ ಎಲ್ಲ ಚೆನ್ನಾಗಿ ಕಾಣುವ ಹಾಗೆ ಎಕ್ಸ್‌ಪೋಷರ್ (ಕ್ಯಾಮೆರಾ ಹಿಡಿಯುವ ಬೆಳಕಿನ ಅಳತೆ) ಇಟ್ಟು ಲಾಕ್ ಮಾಡಿದೆ. 11 ನಿಮಿಷದಲ್ಲಿ ಆಕಾಶದ ಭಾಗದ ಬೆಳಕು ಮೂರು ಸ್ಟಾಪ್, ಅಂದರೆ ಎಂಟು ಪಟ್ಟು, ಏರಿತು. ಕೊನೆಗೆ ಆಕಾಶ ಇರಬೇಕಾದ ಕಡೆ ಬರಿ ಬಿಳಿ ಕಾಗದ. ಮಾರನೇ ದಿನ ಆಟೋದಲ್ಲಿ ಬಿಟ್ಟೆ. ಆಗ ಬೆಳಗಾಗುವುದೇ ಕಾಣಲಿಲ್ಲ! ಕ್ಯಾಮೆರಾ ಎಲ್ಲವನ್ನೂ ಸಮ ಮಾಡುತ್ತಾ ಹೋಯಿತು.

ಐದನೇ ದಿನಕ್ಕೆ ಹೊಳೆಯಿತು. ಎಕ್ಸ್‌ಪೋಷರ್ ಇಡಬೇಕಾದದ್ದು ಶಾಟ್‌ನ ಮೊದಲ ಕ್ಷಣಕ್ಕಲ್ಲ, ಕೊನೆಯ ಕ್ಷಣಕ್ಕೆ. ಹಿಂದಿನ ದಿನ ಅದೇ ಹೊತ್ತಿನ ಕೊನೆಯ ರೀಡಿಂಗ್ ಬರೆದುಕೊಂಡು, ಇವತ್ತು ಕತ್ತಲಲ್ಲೇ ಅದನ್ನು ಇಟ್ಟು ಶುರು ಮಾಡಿದೆ. ಮೊದಲ ಮೂರು ನಿಮಿಷ ಬಲ್ಬುಗಳು, ಅದರ ಕೆಳಗೆ ಕೈಗಳು, ಅಷ್ಟೇ. ಆಮೇಲೆ ಹೂವಿನ ಬಣ್ಣ ಒಂದೊಂದಾಗಿ ಬರುತ್ತದೆ. ಮೊದಲು ಸುಗಂಧರಾಜ, ಮಲ್ಲಿಗೆ. ಆಮೇಲೆ ಹಳದಿ ಸೇವಂತಿಗೆ. ಕೆಂಪು ಗುಲಾಬಿ ತೀರಾ ಕೊನೆಗೆ. ಇದನ್ನು ನಾನು ಅಲ್ಲಿ ಕೂತು ಕಣ್ಣಾರೆ ಎಷ್ಟು ದಿನ ನೋಡಿದ್ದರೂ ಗಮನಿಸಿರಲಿಲ್ಲ.

10. ಮಾರ್ಚ್ 19ರಿಂದ 22: ಶಬ್ದ

ಕ್ಯಾಮೆರಾದ ಮೈಕಿನಲ್ಲಿ ಫ್ಯಾನಿನ ಗುಂಯ್ ಬಿಟ್ಟು ಬೇರೇನೂ ಕೇಳಿಸುತ್ತಿರಲಿಲ್ಲ. ಬೆಳಗಿನ ಶಾಟ್‌ಗೆ ಫ್ಯಾನ್ ಬೇಡ, ಆಫ್ ಮಾಡಿದೆ. ಆದರೂ ವೋಲ್ಟೇಜ್ ಬೋರ್ಡಿನ ಕೀಂ ಶಬ್ದ ಉಳಿಯಿತು. ಬೇರೆ ರೆಕಾರ್ಡರ್ ನನ್ನ ಹತ್ತಿರ ಇತ್ತು. ಅದನ್ನು ಅದರ ಸ್ವಂತ ಸೆಲ್‌ನಲ್ಲಿ, ಬಾಲ್ಕನಿಯ ಇನ್ನೊಂದು ತುದಿಯಲ್ಲಿ ಕಟ್ಟಿದೆ.

ಗಾಳಿಗೆ ಚಿಕ್ಕಪೇಟೆಯಿಂದ ಉದ್ದ ಕೂದಲಿನ ಬಟ್ಟೆ ಅರ್ಧ ಮೀಟರ್ ತಂದೆ, ₹150. ಮೈಕಿಗೆ ತಾಗುವ ಹಾಗೆ ಬಿಗಿಯಾಗಿ ಹೊಲಿದೆ, ಉಪಯೋಗ ಆಗಲಿಲ್ಲ. ಬಟ್ಟೆಗೂ ಮೈಕಿಗೂ ನಡುವೆ ಖಾಲಿ ಜಾಗ ಇರಬೇಕು. ಪ್ಲಾಸ್ಟಿಕ್ ಟೀ ಜರಡಿ ಎರಡನ್ನು ಗೂಡಿನ ಹಾಗೆ ಜೋಡಿಸಿ ಅದರ ಮೇಲೆ ಬಟ್ಟೆ ಹಾಕಿದೆ. ಸರಿಹೋಯಿತು. ಜರಡಿ ಮನೆಯದ್ದು.

ಆಮೇಲೆ ಚಿತ್ರಕ್ಕೆ ಶಬ್ದವನ್ನು ಹೊಂದಿಸಲು ಶುರುವಿಗೆ ಒಂದು ಚಪ್ಪಾಳೆ, ಕೊನೆಗೆ ಒಂದು. ಎರಡೂ ಬೇಕು. ಎರಡು ಯಂತ್ರಗಳ ಗಡಿಯಾರ ಒಂದೇ ವೇಗದಲ್ಲಿ ಓಡುವುದಿಲ್ಲ. 11 ನಿಮಿಷಕ್ಕೆ ನನಗೆ ಅರ್ಧ ಫ್ರೇಮ್ ವ್ಯತ್ಯಾಸ ಬಂತು, ಯಾರಿಗೂ ಗೊತ್ತಾಗುವುದಿಲ್ಲ.

11. ಮಾರ್ಚ್ 29, ಶನಿವಾರ: ಮೊದಲ ಶಾಟ್

ಮಾರನೇ ದಿನ ಯುಗಾದಿ, ಅದರ ಮಾರನೇ ದಿನ ರಂಜಾನ್. ಮಾರ್ಕೆಟ್ ಇಡೀ ರಾತ್ರಿ ಮಲಗಿರಲಿಲ್ಲ. ಒಂದು ಕಡೆ ಮಾವಿನ ಸೊಪ್ಪು, ಬೇವಿನ ಹೂವು. ಅದರ ಪಕ್ಕದಲ್ಲೇ ಖರ್ಜೂರ, ಶ್ಯಾವಿಗೆ.

ನಾಲ್ಕೂವರೆಗೆ ಪೆಟ್ಟಿಗೆ ಕೂರಿಸಿದೆ. ಬ್ಯಾಟರಿ 12.7 ವೋಲ್ಟ್. ಬೆಲ್ಟು ಎರಡು ಸಲ ಎಳೆದು ನೋಡಿದೆ. 6:02ಕ್ಕೆ ರೆಕಾರ್ಡ್, ಚಪ್ಪಾಳೆ, ಸ್ಟೂಲ್.

ಎರಡನೇ ನಿಮಿಷಕ್ಕೆ ಬೇಜಾರು ಶುರು. ನಾಲ್ಕನೇ ನಿಮಿಷಕ್ಕೆ ಒಂದು ತಳ್ಳುಗಾಡಿ ಫ್ರೇಮಿನ ಮಧ್ಯೆ ಬಂದು ನಿಂತು ಅರ್ಧ ಬೀದಿಯನ್ನು ಮುಚ್ಚಿತು. ಕೈ ತಾನಾಗಿ ಏಳಲು ನೋಡಿತು. ಕೂತೆ. ಗಾಡಿಯವನು ಬೀಡಿ ಹಚ್ಚಿದ, ಎರಡು ದಮ್ಮು ಎಳೆದ, ಯಾರೋ ಕೂಗಿದರು, ಹೋದ. ಗಾಡಿ ಸರಿದಾಗ ಅದರ ಹಿಂದಿನ ಜಾಗ ಬದಲಾಗಿತ್ತು. ಮೊದಲು ಖಾಲಿ ಇದ್ದ ಕಡೆ ಈಗ ಮಾವಿನ ಸೊಪ್ಪಿನ ರಾಶಿ, ಅದರ ಮುಂದೆ ಐದಾರು ಜನ. ಇದನ್ನು ಬರೆದು ಮಾಡಿಸಲು ಸಾಧ್ಯವಿರಲಿಲ್ಲ. 6:13ಕ್ಕೆ ಚಪ್ಪಾಳೆ.

ಒಂದು ಫೈಲು, ಒಂದೇ ತುಂಡು, ನಡುಕ ಇಲ್ಲ. ಇಲ್ಲಿವರೆಗಿನ ಖರ್ಚು ₹6,020. ಅದರಲ್ಲಿ ಗಾಜು, ಫೋಮ್, ಸುಟ್ಟ ಬೋರ್ಡ್ ಸೇರಿ ₹280 ನೀರಿಗೆ ಹೋಯಿತು. ಕ್ಯಾಮೆರಾ, ಲೆನ್ಸು, ರೆಕಾರ್ಡರ್ ಮತ್ತು ಆ ದಿನದ ಕನಕಾಂಬರ ಈ ಲೆಕ್ಕದಲ್ಲಿಲ್ಲ.

12. ಏಪ್ರಿಲ್ 2

ಲ್ಯಾಪ್‌ಟಾಪ್ ತೆಗೆದುಕೊಂಡು ಹೋಗಿ ಹೂವಿನಮ್ಮನಿಗೆ ತೋರಿಸಿದೆ. ಅವತ್ತು ಬುಟ್ಟಿ ಮಗುಚಿಕೊಂಡವರು ಅವರೇ. ಈ ಶಾಟ್‌ನಲ್ಲಿ ಅವರು ಕೆಳಗಿನ ಅಂಚಿನ ಹತ್ತಿರ ಕೂತು ಹೂವು ಕಟ್ಟುತ್ತಿದ್ದಾರೆ. ಹೂವು ಕಟ್ಟುತ್ತಲೇ ಪೂರ್ತಿ 11 ನಿಮಿಷ ನೋಡಿದರು.

"ಇಷ್ಟೊತ್ತಲ್ಲಿ ನಾನು ಮೂರು ಮೊಳ ಕಟ್ಟಿದೀನಿ ಕಣಪ್ಪಾ," ಅಂದರು. "ಆದ್ರೆ ಕೈನೇ ಕಾಣಲ್ವಲ್ಲ. ಬರೀ ತಲೆ ತೋರಿಸಿದ್ರೆ ಸುಮ್ನೆ ಕೂತವಳೆ ಅನ್ಕತಾರೆ ಜನ."

ನಿಜ. ಅವರ ಮೊಣಕೈ ಹತ್ತಿರವೇ ಫ್ರೇಮ್ ಮುಗಿಯುತ್ತದೆ. ಬೆಳಕು, ನಡುಕ, ಕರೆಂಟು ಎಲ್ಲ ನೋಡಿದ ನಾನು ಇದನ್ನು ನೋಡಿರಲಿಲ್ಲ. ಪೆಟ್ಟಿಗೆ 4 ಡಿಗ್ರಿ ಕೆಳಗೆ ಬಾಗಬೇಕು. 14 ಇಂಚು ಉದ್ದಕ್ಕೆ ಹಿಂದೆ ಒಂದು ಇಂಚು ಎತ್ತರಿಸಿದರೆ ಸಾಕು. ಬಡಗಿಗೆ ತೇಗದ ಬೆಣೆ ಎರಡು ಹೇಳಿದ್ದೇನೆ, ಶುಕ್ರವಾರ ಕೊಡುತ್ತಾರೆ. ಭಾರ ಮುಂದಕ್ಕೆ ಬೀಳುತ್ತದೆ, ಮರಳಿನ ಚೀಲವನ್ನು ಹಿಂದಕ್ಕೆ ಸರಿಸಿ ಬೆಲ್ಟನ್ನು ಮತ್ತೆ ಕಟ್ಟಬೇಕು. ಮೊದಲ ಶಾಟ್ ಮತ್ತೆ ತೆಗೆಯುತ್ತೇನೆ.